ಭಯಕ್ಕೊಂದು ಚೌಕಟ್ಟು

ನಿರ್ದೇಶಕರು ತಮ್ಮದೇ ಭಯವನ್ನು ತೆರೆಗೆ ತಂದ ಪ್ರಯೋಗಶೀಲ ಕಿರುಚಿತ್ರಗಳನ್ನು ಆತ್ಮನಿವೇದನೆಯೆಂದು ಓದುವ ರೂಢಿ ಬಲವಾಗಿದೆ. ಒಳಗಿನ ದುಗುಡ ಹೊರಹಾಕಿ ಕಲಾವಿದ ಹಗುರಾದ ಎಂಬ ಕಥೆ ಹೇಳುವುದಕ್ಕೂ ಸುಲಭ, ಕೇಳುವುದಕ್ಕೂ ಹಿತ. ಅಮೆರಿಕದ ಪ್ರಯೋಗಶೀಲ ಸಿನಿಮಾದ ಚರಿತ್ರೆ ಮಾತ್ರ ಬೇರೆಯದನ್ನೇ ಹೇಳುತ್ತದೆ: ಅಲ್ಲಿ ಭಯವನ್ನು ಪಳಗಿಸಿದ್ದು ನಿವೇದನೆಯಲ್ಲ, ಕಸುಬು. 1923ರಲ್ಲಿ ಕೊಡಾಕ್ ಕಂಪನಿ ಹವ್ಯಾಸಿಗಳಿಗೆಂದು 16 ಎಂ.ಎಂ. ಫಿಲ್ಮ್ ತಂದ ಮೇಲೆ ಸ್ಟುಡಿಯೋದ ಹಂಗಿಲ್ಲದೆ ಮನೆಯೊಳಗೇ ಚಿತ್ರ ತೆಗೆಯಬಹುದಾಯಿತು. ಮುಂದೆ ಹೀಗೆ ಚಿತ್ರ ತೆಗೆಯುವವರ ಕೈಗೆ ಬಂದ ಬೋಲೆಕ್ಸ್ ಕ್ಯಾಮೆರಾಕ್ಕೆ ಹಳೆಯ ಗಡಿಯಾರದಂತೆ ಚಾವಿ ಕೊಡಬೇಕಿತ್ತು; ಒಮ್ಮೆ ಕೊಟ್ಟರೆ ಓಡುತ್ತಿದ್ದುದು ಅರ್ಧ ನಿಮಿಷಕ್ಕಿಂತ ತುಸು ಕಡಿಮೆ. ಭಯ ಎಷ್ಟೇ ದೊಡ್ಡದಿರಲಿ, ಈ ಅಳತೆಗೆ ತುಂಡರಿಸಲೇಬೇಕಿತ್ತು.

ಮಾಯಾ ಡೆರೆನ್ 1943ರಲ್ಲಿ ಪತಿ ಅಲೆಕ್ಸಾಂಡರ್ ಹಮ್ಮಿದ್ ಜೊತೆ ಲಾಸ್ ಏಂಜಲೀಸ್‌ನ ಮನೆಯಲ್ಲೇ ತೆಗೆದ 'ಮೆಷಸ್ ಆಫ್ ದಿ ಆಫ್ಟರ್‌ನೂನ್' ಸುಮಾರು 14 ನಿಮಿಷದ್ದು. ಬೀಗದ ಕೈ, ಬ್ರೆಡ್ ಕೊಯ್ಯುವ ಚಾಕು, ಎತ್ತಿಟ್ಟ ಫೋನು, ಮುಖದ ಜಾಗದಲ್ಲಿ ಕನ್ನಡಿಯಿರುವ ಕಪ್ಪುಡುಗೆಯ ಆಕೃತಿ. ಇವನ್ನು ಫ್ರಾಯ್ಡ್‌ನ ಸಂಕೇತಗಳಾಗಿ ಬಿಡಿಸುವುದನ್ನು ಸ್ವತಃ ಡೆರೆನ್ ವಿರೋಧಿಸಿದ್ದಳು. ಹಾಗಿದ್ದರೆ ಇದನ್ನು ವೈಯಕ್ತಿಕ ಭಯದ ಚಿತ್ರವೆನ್ನುವುದು ಹೇಗೆ ಎಂಬ ಆಕ್ಷೇಪ ನ್ಯಾಯವೇ. ನನಗನ್ನಿಸುವಂತೆ ಉತ್ತರ ಚಿತ್ರದ ರಚನೆಯಲ್ಲಿದೆ. ಅದೇ ದಾರಿ, ಅದೇ ಮೆಟ್ಟಿಲು, ಅದೇ ಬಾಗಿಲು ಮತ್ತೆ ಮತ್ತೆ ಬರುತ್ತವೆ, ಪ್ರತಿ ಸಲವೂ ಸ್ವಲ್ಪ ಬದಲಾಗಿ. ಹೀಗೆ ಪುನರಾವರ್ತಿಸಿದಾಗ ಭಯ ಬರೀ ಅನುಭವವಾಗಿ ಉಳಿಯದೆ, ಪಕ್ಕಪಕ್ಕದಲ್ಲಿಟ್ಟು ಹೋಲಿಸಬಹುದಾದ ವಸ್ತುವಾಗುತ್ತದೆ.

ಇದಕ್ಕಿಂತ ಗಟ್ಟಿಯಾದ ಆಕ್ಷೇಪ ಇನ್ನೊಂದಿದೆ: ಕ್ಯಾಮೆರಾ ಒಂದು ಗುರಾಣಿ, ಅದರ ಹಿಂದೆ ನಿಂತವನು ಎದುರಿಸುತ್ತಿಲ್ಲ, ಅಡಗಿದ್ದಾನೆ. ಇನ್ನೊಬ್ಬ ಪ್ರಯೋಗಶೀಲ ನಿರ್ದೇಶಕ ಸ್ಟಾನ್ ಬ್ರಾಕೇಜ್‌ನ ಮೇಲೆ ಈ ಮಾತು ಸುಲಭವಾಗಿ ಬೀಳುತ್ತದೆ. ಅಮೆರಿಕದ ಆಸ್ಪತ್ರೆಗಳು ತಂದೆಯರನ್ನು ಹೆರಿಗೆ ಕೋಣೆಯ ಹೊರಗೇ ನಿಲ್ಲಿಸುತ್ತಿದ್ದ ಕಾಲದಲ್ಲಿ, ಮನೆಯಲ್ಲೇ ನಡೆದ ಹೆಂಡತಿ ಜೇನಳ ಚೊಚ್ಚಲ ಹೆರಿಗೆಯನ್ನು ಆತ 'ವಿಂಡೋ ವಾಟರ್ ಬೇಬಿ ಮೂವಿಂಗ್' (1959) ಚಿತ್ರವಾಗಿಸಿದ. ಆದರೆ ಅದರಲ್ಲಿ ಜೇನ್ ಕ್ಯಾಮೆರಾ ತೆಗೆದುಕೊಂಡು ಅವನ ಮುಖವನ್ನೇ ಹಿಡಿದಿದ್ದಾಳೆ, ಗುರಾಣಿ ಕೈಬದಲಾಗಿದೆ. 1971ರಲ್ಲಿ ಪಿಟ್ಸ್‌ಬರ್ಗ್‌ನ ಶವಾಗಾರದಲ್ಲಿ ಮರಣೋತ್ತರ ಪರೀಕ್ಷೆಗಳನ್ನು ಚಿತ್ರಿಸಿದಾಗಲಂತೂ ಆತ ಕಥೆ, ಮಾತು, ಸಂಗೀತ ಯಾವುದರ ಆಸರೆಯನ್ನೂ ಇಟ್ಟುಕೊಳ್ಳಲಿಲ್ಲ. 'ದಿ ಆಕ್ಟ್ ಆಫ್ ಸೀಯಿಂಗ್ ವಿತ್ ಒನ್ಸ್ ಓನ್ ಐಸ್' ಸುಮಾರು ಅರ್ಧ ಗಂಟೆಯ ನಿಶ್ಶಬ್ದ ಚಿತ್ರ. ಚಿತ್ರಿಸುವಾಗ ಲೆನ್ಸಿನ ಮರೆ ಸಿಕ್ಕಿತು ಎಂದೇ ಒಪ್ಪೋಣ. ಸಂಕಲನದ ಮೇಜಿನ ಮುಂದೆ ಆ ಮರೆಯಿಲ್ಲ. ಅಲ್ಲಿ ಒಂದೊಂದು ತುಣುಕನ್ನೂ ಹಲವು ಸಲ ನೋಡಿಯೇ ಕತ್ತರಿಸಬೇಕು. ಸತ್ತವರ ಒಪ್ಪಿಗೆಯನ್ನು ಯಾರು ಕೇಳಿದರು ಎಂಬ ಪ್ರಶ್ನೆ ಮಾತ್ರ ಹಾಗೇ ಉಳಿಯುತ್ತದೆ, ಕಸುಬಿನ ಶ್ರದ್ಧೆ ಅದಕ್ಕೆ ಸಮಜಾಯಿಷಿಯಾಗದು.

ಕಸುಬು ಭಯಕ್ಕೆ ಚೌಕಟ್ಟು ಹಾಕುವ ಬಗೆ ಇನ್ನೂ ಸ್ಪಷ್ಟವಾಗಿ ಕಾಣುವುದು ನಿರ್ದೇಶಕಿ ಸೂ ಫ್ರೀಡ್ರಿಕ್‌ಳ 48 ನಿಮಿಷದ 'ಸಿಂಕ್ ಆರ್ ಸ್ವಿಮ್' (1990) ಚಿತ್ರದಲ್ಲಿ. ಕಠೋರ ತಂದೆಯ ನೆನಪುಗಳನ್ನು ಆಕೆ ಇಂಗ್ಲಿಷ್ ವರ್ಣಮಾಲೆಯ ಹಿಂದುಮುಂದಾದ ಕ್ರಮದಲ್ಲಿ 26 ಭಾಗ ಮಾಡಿದಳು. 'ನಾನು' ಎನ್ನದೆ 'ಒಬ್ಬ ಹುಡುಗಿ' ಎಂದಳು. ದನಿಯನ್ನೂ ಒಬ್ಬ ಬಾಲಕಿಯಿಂದ ಕೊಡಿಸಿದಳು. ಇಷ್ಟು ದೂರ ನಿಲ್ಲಿಸಿದ್ದರಿಂದ ಹೇಳಿಕೊಳ್ಳುವಿಕೆ ತೆಳುವಾಗಲಿಲ್ಲ, ಮೊನಚಾಯಿತು. ಭಯ ಗೆದ್ದಳೇ ಎಂದು ಹುಡುಕುವವರಿಗೆ ಅಲ್ಲಿ ಸಿಗುವುದು ಬೇರೆ: ಸರೋವರದ ನಡುವೆ ಈಜುತ್ತಿರುವ ಹೆಂಗಸು ತಂದೆಯಂತೆ ಆಚೆ ದಡ ಮುಟ್ಟುವ ಹಟ ಬಿಟ್ಟು, ಗೆಳೆಯರಿರುವ ದಡಕ್ಕೇ ತಿರುಗುತ್ತಾಳೆ.