ಗಡಿಪಾರು ಆದೇಶಗಳ ನ್ಯಾಯಾಂಗ ಪರಿಶೀಲನೆ

ಗಡಿಪಾರು ಆದೇಶ ಎಂಬುದು ಅಪರಾಧ ಕೃತ್ಯಗಳಲ್ಲಿ ಪದೇ ಪದೇ ತೊಡಗುವನೆಂದು ಪರಿಗಣಿತನಾದ ವ್ಯಕ್ತಿಯು ನಿರ್ದಿಷ್ಟ ನಗರ ಅಥವಾ ಜಿಲ್ಲೆಯನ್ನು ಬಿಟ್ಟು ಹೋಗಬೇಕೆಂದೂ, ನಿಗದಿತ ಅವಧಿ ಮುಗಿಯುವವರೆಗೆ ಅಲ್ಲಿಗೆ ಮರಳಬಾರದೆಂದೂ ಅಧಿಕಾರಿಯು ಹೊರಡಿಸುವ ಲಿಖಿತ ಆದೇಶವಾಗಿದೆ. ಭಾರತದಲ್ಲಿ ಇಂತಹ ಆದೇಶಗಳನ್ನು 1950ರಿಂದಲೂ ನ್ಯಾಯಾಲಯಗಳಲ್ಲಿ ಪ್ರಶ್ನಿಸಲಾಗುತ್ತಿದೆ. ಗಡಿಪಾರಿಗೆ ಅವಕಾಶ ನೀಡುವ ಕಾನೂನುಗಳನ್ನು ಸರ್ವೋಚ್ಚ ನ್ಯಾಯಾಲಯವು ಬಹುಮಟ್ಟಿಗೆ ಎತ್ತಿಹಿಡಿದಿದೆ. ಆದರೆ ಕಾನೂನಿನ ವಿಧಾನವನ್ನು ಪಾಲಿಸದ ಆದೇಶಗಳನ್ನು ರದ್ದುಪಡಿಸಿದೆ.

ಸ್ವರೂಪ

ಗಡಿಪಾರು ಶಿಕ್ಷೆಯಲ್ಲ, ಮುಂದೆ ನಡೆಯಬಹುದಾದ ಅಪರಾಧವನ್ನು ತಡೆಯುವ ಮುಂಜಾಗ್ರತಾ ಕ್ರಮ. ಆದ್ದರಿಂದ ಇಲ್ಲಿ ಆರೋಪವು ವಿಚಾರಣಾ ನ್ಯಾಯಾಲಯದಲ್ಲಿ ಸಾಬೀತಾಗಬೇಕಾಗಿಲ್ಲ. ಗೂಂಡಾ ಕಾಯ್ದೆಗಳ ಅಡಿಯ ಮುನ್ನೆಚ್ಚರಿಕೆಯ ಬಂಧನಕ್ಕಿಂತ ಇದು ಭಿನ್ನ. ಬಂಧನದಲ್ಲಿ ವ್ಯಕ್ತಿ ಸೆರೆಮನೆಯಲ್ಲಿರುತ್ತಾನೆ. ಗಡಿಪಾರಿನಲ್ಲಿ ನಿಷೇಧಿತ ಪ್ರದೇಶದ ಹೊರಗೆ ಸ್ವತಂತ್ರನಾಗಿರುತ್ತಾನೆ. ಆದರೂ ಮನೆ, ಕುಟುಂಬ ಮತ್ತು ಜೀವನೋಪಾಯದಿಂದ ದೂರವಾಗುವ ಕಾರಣ ಇದರ ಪರಿಣಾಮ ತೀವ್ರವಾದುದು.

ಕಾನೂನಿನ ಆಧಾರ

ಗಡಿಪಾರಿನ ಅಧಿಕಾರವು ಮುಖ್ಯವಾಗಿ ಪೊಲೀಸ್ ಕಾಯ್ದೆಗಳಲ್ಲಿದೆ. 1951ರ ಮುಂಬಯಿ ಪೊಲೀಸ್ ಕಾಯ್ದೆ (ಈಗಿನ ಮಹಾರಾಷ್ಟ್ರ ಪೊಲೀಸ್ ಕಾಯ್ದೆ) ಇವುಗಳಲ್ಲಿ ಹೆಚ್ಚು ಚರ್ಚಿತವಾದುದು. ಅದರ ಪ್ರಮುಖ ಅಂಶಗಳು ಇಂತಿವೆ:

* 56ನೇ ಕಲಂ: ಜನರ ಪ್ರಾಣ ಅಥವಾ ಆಸ್ತಿಗೆ ಭಯ, ಅಪಾಯ ಉಂಟುಮಾಡುವವರ ಹಾಗೂ ಹಿಂಸಾತ್ಮಕ ಅಪರಾಧಗಳಲ್ಲಿ ತೊಡಗುವವರ ಗಡಿಪಾರು. ಸಾಕ್ಷಿಗಳು ತಮ್ಮ ಸುರಕ್ಷತೆಯ ಭಯದಿಂದ ಬಹಿರಂಗವಾಗಿ ಸಾಕ್ಷ್ಯ ನುಡಿಯಲು ಸಿದ್ಧರಿಲ್ಲವೆಂಬ ಅಭಿಪ್ರಾಯಕ್ಕೆ ಅಧಿಕಾರಿ ಬರಬೇಕು.
* 57ನೇ ಕಲಂ: ನಿರ್ದಿಷ್ಟ ಅಪರಾಧಗಳಲ್ಲಿ ಈಗಾಗಲೇ ಶಿಕ್ಷೆಗೊಳಗಾದವರ ಗಡಿಪಾರು.
* 58ನೇ ಕಲಂ: ಗರಿಷ್ಠ ಅವಧಿ 2 ವರ್ಷ.
* 59ನೇ ಕಲಂ: ಆರೋಪಗಳ ಸಾಮಾನ್ಯ ಸ್ವರೂಪವನ್ನು ಲಿಖಿತವಾಗಿ ತಿಳಿಸಿ, ವಿವರಣೆ ನೀಡಲು ಅವಕಾಶ ಕೊಡಬೇಕು.
* 60ನೇ ಕಲಂ: 30 ದಿನಗಳೊಳಗೆ ರಾಜ್ಯ ಸರ್ಕಾರಕ್ಕೆ ಮೇಲ್ಮನವಿ.

ಸಂವಿಧಾನದ ಪ್ರಶ್ನೆ

ಸಂವಿಧಾನದ 19(1)(ಡಿ) ವಿಧಿಯು ದೇಶದಾದ್ಯಂತ ಮುಕ್ತವಾಗಿ ಸಂಚರಿಸುವ ಹಕ್ಕನ್ನೂ, 19(1)(ಇ) ವಿಧಿಯು ಎಲ್ಲಿಯಾದರೂ ನೆಲೆಸುವ ಹಕ್ಕನ್ನೂ ನಾಗರಿಕರಿಗೆ ನೀಡುತ್ತವೆ. ಸಾರ್ವಜನಿಕ ಹಿತಕ್ಕಾಗಿ ಈ ಹಕ್ಕುಗಳ ಮೇಲೆ ಸಮಂಜಸ ನಿರ್ಬಂಧ ಹೇರಲು 19(5)ನೇ ವಿಧಿ ಅನುಮತಿಸುತ್ತದೆ. ಗಡಿಪಾರು ಈ ಅರ್ಥದಲ್ಲಿ ಸಮಂಜಸವೇ ಎಂಬುದು ಮೊದಲ ಮೊಕದ್ದಮೆಗಳ ಮುಖ್ಯ ಪ್ರಶ್ನೆಯಾಗಿತ್ತು.

1950ರ ಎನ್. ಬಿ. ಖರೆ ಪ್ರಕರಣವು ಅಪರಾಧಿಗೆ ಸಂಬಂಧಿಸಿದುದಲ್ಲ. ರಾಜಕೀಯ ನಾಯಕರೊಬ್ಬರನ್ನು ದೆಹಲಿಯಿಂದ 3 ತಿಂಗಳು ಹೊರಗಿಟ್ಟ ಆದೇಶದ ಕುರಿತಾದುದು. ಐವರು ನ್ಯಾಯಮೂರ್ತಿಗಳ ಪೀಠವು 3:2ರ ಬಹುಮತದಿಂದ ಅದನ್ನು ಎತ್ತಿಹಿಡಿಯಿತು. ನಿರ್ಬಂಧದ ತಿರುಳು ಮಾತ್ರವಲ್ಲದೆ ಅದನ್ನು ಹೇರುವ ವಿಧಾನವೂ ಸಮಂಜಸವಾಗಿರಬೇಕು ಎಂಬ ತತ್ವ ಈ ತೀರ್ಪಿನಲ್ಲಿ ಮೂಡಿಬಂದಿತು.

1952ರ ಗುರುಬಚನ್ ಸಿಂಗ್ ಪ್ರಕರಣದಲ್ಲಿ, ಸಾಕ್ಷಿಗಳನ್ನು ಪಾಟಿಸವಾಲಿಗೆ ಒಳಪಡಿಸುವ ಅವಕಾಶವಿಲ್ಲದಿರುವುದು ಅನ್ಯಾಯವೆಂಬ ವಾದ ಬಂದಿತು. ಭಯದಿಂದ ಬಾಯಿ ಬಿಡದ ಸಾಕ್ಷಿಗಳಿರುವ ಸಂದರ್ಭಕ್ಕಾಗಿಯೇ ಈ ಕಾನೂನು ಇರುವುದರಿಂದ, ಅವರನ್ನು ಎದುರು ನಿಲ್ಲಿಸಿದರೆ ಅದರ ಉದ್ದೇಶವೇ ವಿಫಲವಾಗುವುದೆಂದು ನ್ಯಾಯಾಲಯ ಹೇಳಿತು. 1956ರಲ್ಲಿ ಹರಿ ಖೇಮು ಗವಳಿ ಪ್ರಕರಣದಲ್ಲಿ 57ನೇ ಕಲಮನ್ನು ಬಹುಮತದಿಂದ ಎತ್ತಿಹಿಡಿಯಲಾಯಿತು.

ಇದಕ್ಕೆ ವ್ಯತಿರಿಕ್ತವಾದುದು ಬಲದೇವ್ ಪ್ರಸಾದ್ ಪ್ರಕರಣ. ಮಧ್ಯಪ್ರಾಂತ ಮತ್ತು ಬೇರಾರಿನ 1946ರ ಗೂಂಡಾ ಕಾಯ್ದೆಯು 'ಗೂಂಡಾ' ಯಾರೆಂಬುದನ್ನು ಸ್ಪಷ್ಟವಾಗಿ ನಿರೂಪಿಸಿರಲಿಲ್ಲ. ವ್ಯಕ್ತಿ ಗೂಂಡಾ ಹೌದೋ ಅಲ್ಲವೋ ಎಂದು ಮೊದಲು ನಿರ್ಧರಿಸುವ ವಿಧಾನವೂ ಅದರಲ್ಲಿರಲಿಲ್ಲ. ಈ ಕಾರಣಗಳಿಂದ ಸರ್ವೋಚ್ಚ ನ್ಯಾಯಾಲಯವು ಅದರ ಗಡಿಪಾರು ಅಧಿಕಾರವನ್ನು ಅಸಿಂಧುಗೊಳಿಸಿತು.

ಆದೇಶಗಳು ರದ್ದಾಗುವ ಕಾರಣಗಳು

ಕಾನೂನಿನ ಸಿಂಧುತ್ವ ಇತ್ಯರ್ಥವಾದ ಬಳಿಕ ವ್ಯಾಜ್ಯಗಳು ಬಿಡಿ ಆದೇಶಗಳತ್ತ ತಿರುಗಿದವು. ಅಧಿಕಾರಿಯ ಅಭಿಪ್ರಾಯ ಸರಿಯೇ ತಪ್ಪೇ ಎಂದು ನ್ಯಾಯಾಲಯವು ಮೇಲ್ಮನವಿಯಂತೆ ತೂಗುವುದಿಲ್ಲ. ಆ ಅಭಿಪ್ರಾಯಕ್ಕೆ ಕಡತದಲ್ಲಿ ಆಧಾರವಿದೆಯೇ ಎಂದು ನೋಡುತ್ತದೆ. ಸಾಮಾನ್ಯವಾಗಿ ಎತ್ತಲಾಗುವ ಆಕ್ಷೇಪಗಳು ಹೀಗಿವೆ:

* ಆರೋಪಗಳ ಸ್ವರೂಪವನ್ನು ನೋಟಿಸಿನಲ್ಲಿ ತಿಳಿಸದಿರುವುದು. ಸಾಕ್ಷಿಗಳ ಗುರುತು ಬಯಲಾಗುವಷ್ಟು ವಿವರವನ್ನು ನೀಡಬೇಕಾಗಿಲ್ಲವಾದರೂ, ಉತ್ತರ ಕೊಡಲು ಸಾಧ್ಯವಾಗುವಷ್ಟು ಮಾಹಿತಿ ಇರಬೇಕು.
* ಸಾಕ್ಷಿಗಳು ಹೆದರಿದ್ದಾರೆಂಬುದಕ್ಕೆ ದಾಖಲೆಯಲ್ಲಿ ಆಧಾರವಿಲ್ಲದಿರುವುದು.
* ಹಳೆಯ ಮೊಕದ್ದಮೆಗಳಿಗೂ ಈಗಿನ ಆದೇಶಕ್ಕೂ ಜೀವಂತ ಸಂಬಂಧವಿಲ್ಲದಿರುವುದು.
* ಕಾರಣ ಹೇಳದೆ ಗರಿಷ್ಠ ಅವಧಿ ವಿಧಿಸಿರುವುದು.
* ಅಧಿಕಾರದ ದುರುಪಯೋಗ.

ಕೊನೆಯ ಅಂಶಕ್ಕೆ ಪ್ರೇಮ್ ಚಂದ್ ಪ್ರಕರಣ ನಿದರ್ಶನ. ಪೊಲೀಸರ ಪರವಾಗಿ ಸಾವಿರಾರು ಮೊಕದ್ದಮೆಗಳಲ್ಲಿ ಸಾಕ್ಷಿ ನುಡಿದಿದ್ದಾಗಿ ಹೇಳಿದ ದೆಹಲಿಯ ಅರ್ಜಿದಾರನೊಬ್ಬ, ಸುಳ್ಳು ಸಾಕ್ಷ್ಯ ನುಡಿಯಲು ಒಲ್ಲೆನೆಂದ ಮೇಲೆ ತನ್ನ ವಿರುದ್ಧವೇ ಗಡಿಪಾರು ಕ್ರಮ ಆರಂಭವಾಯಿತೆಂದು ದೂರಿದ. ನ್ಯಾಯಮೂರ್ತಿ ವಿ. ಆರ್. ಕೃಷ್ಣ ಅಯ್ಯರ್ ಬರೆದ ತೀರ್ಪು, ವಿಶ್ವಾಸಾರ್ಹ ಆಧಾರವಿಲ್ಲದೆ ಪೊಲೀಸರ ಶಂಕೆಯಷ್ಟರಿಂದಲೇ ಗಡಿಪಾರು ಮಾಡಲಾಗದೆಂದು ಸಾರಿತು. 2021ರಲ್ಲಿ, ಮಾಹಿತಿ ಹಕ್ಕಿನಡಿ ಅವ್ಯವಹಾರಗಳನ್ನು ಪ್ರಶ್ನಿಸಿದ್ದ ಅಮರಾವತಿಯ ವ್ಯಕ್ತಿಯೊಬ್ಬರ ಗಡಿಪಾರನ್ನೂ ಸರ್ವೋಚ್ಚ ನ್ಯಾಯಾಲಯ ರದ್ದುಪಡಿಸಿತು.

2022ರ ಜನವರಿಯಲ್ಲಿ ಜಾಲ್ನಾ ಜಿಲ್ಲೆಯ ಪ್ರಕರಣವೊಂದರಲ್ಲಿ ಅದೇ ನ್ಯಾಯಾಲಯವು, ಗಡಿಪಾರು ಅಸಾಧಾರಣ ಕ್ರಮವಾದ್ದರಿಂದ ಅದನ್ನು ಮಿತವಾಗಿ ಬಳಸಬೇಕೆಂದು ಹೇಳಿತು. ವಿವೇಚನೆಯಿಲ್ಲದೆ ವಿಧಿಸಿದ 2 ವರ್ಷಗಳ ಗರಿಷ್ಠ ಅವಧಿಯು ಅಸಮಂಜಸ ನಿರ್ಬಂಧವೆಂದೂ ಸ್ಪಷ್ಟಪಡಿಸಿತು.

ಕರ್ನಾಟಕದಲ್ಲಿ

ಕರ್ನಾಟಕದಲ್ಲಿ 1963ರ ಕರ್ನಾಟಕ ಪೊಲೀಸ್ ಕಾಯ್ದೆಯ 55ನೇ ಕಲಂ ಅಡಿಯಲ್ಲಿ ಗಡಿಪಾರು ಆದೇಶಗಳನ್ನು ಹೊರಡಿಸಲಾಗುತ್ತದೆ. ಇದರ ರಚನೆ ಮುಂಬಯಿ ಕಾಯ್ದೆಯ 56ನೇ ಕಲಮನ್ನು ಹೋಲುವುದರಿಂದ ಮೇಲಿನ ತೀರ್ಪುಗಳು ಇಲ್ಲಿಯೂ ಪ್ರಸ್ತುತವಾಗುತ್ತವೆ. ರೌಡಿಪಟ್ಟಿಯಲ್ಲಿ ಹೆಸರಿರುವುದು ತಾನಾಗಿಯೇ ಈ ಕಲಮಿನ ಷರತ್ತುಗಳನ್ನು ಪೂರೈಸುವುದಿಲ್ಲ. ಆದೇಶಕ್ಕೊಳಗಾದವರು ಸರ್ಕಾರಕ್ಕೆ ಮೇಲ್ಮನವಿ ಸಲ್ಲಿಸಬಹುದು. ಸಂವಿಧಾನದ 226ನೇ ವಿಧಿಯಡಿ ಉಚ್ಚ ನ್ಯಾಯಾಲಯದಲ್ಲಿ ರಿಟ್ ಅರ್ಜಿಯನ್ನೂ ಹೂಡಬಹುದು.

ಮಹತ್ವ

ಒಂದೆಡೆ ದೂರು ಕೊಡಲೂ ಹೆದರುವ ನಿವಾಸಿಗಳ ಸುರಕ್ಷತೆ, ಇನ್ನೊಂದೆಡೆ ಅಪರಾಧ ಸಾಬೀತಾಗುವ ಮುನ್ನವೇ ಊರು ಬಿಡಬೇಕಾದ ವ್ಯಕ್ತಿಯ ಸ್ವಾತಂತ್ರ್ಯ, ಇವೆರಡೂ ಈ ವ್ಯಾಜ್ಯಗಳಲ್ಲಿ ಎದುರುಬದುರಾಗುತ್ತವೆ. ಪೂರ್ಣ ವಿಚಾರಣೆಯಾಗಲಿ ಪಾಟಿಸವಾಲಾಗಲಿ ಇಲ್ಲದಿರುವಾಗ ನೋಟಿಸು, ವಿವರಣೆಯ ಅವಕಾಶ ಮತ್ತು ದಾಖಲಿತ ಕಾರಣಗಳೇ ಆ ವ್ಯಕ್ತಿಗೆ ಉಳಿಯುವ ರಕ್ಷಣೆ. ಆದ್ದರಿಂದಲೇ ಅವುಗಳ ಪಾಲನೆಯನ್ನು ನ್ಯಾಯಾಲಯಗಳು ಕಟ್ಟುನಿಟ್ಟಾಗಿ ಪರಿಶೀಲಿಸುತ್ತವೆ.