ಇತಿಹಾಸದಲ್ಲಿ ಈ ದಿನ: ನವೆಂಬರ್ 1

ಚಿತ್ರದುರ್ಗ: ನವೆಂಬರ್ 1 ಕನ್ನಡಿಗರ ಪಾಲಿಗೆ ರಾಜ್ಯೋತ್ಸವದ ದಿನ. ದೇಶದ ಹಾಗೂ ಜಗತ್ತಿನ ಚರಿತ್ರೆಯಲ್ಲಿ ಇನ್ನೂ ಹಲವು ಮಹತ್ವದ ಘಟನೆಗಳಿಗೆ ಇದೇ ದಿನಾಂಕ ಸಾಕ್ಷಿಯಾಗಿದೆ. ಅವುಗಳ ಪೈಕಿ ಅತಿ ಮುಖ್ಯವಾದ ಘಟನೆಯೊಂದಿಗೆ ಕೋಟೆನಾಡು ಚಿತ್ರದುರ್ಗಕ್ಕೆ ನೇರ ನಂಟಿದೆ. ಆಯ್ದ ಘಟನೆಗಳ ವಿವರ ಹೀಗಿದೆ.

1755: ಪೋರ್ಚುಗಲ್‌ನ ರಾಜಧಾನಿ ಲಿಸ್ಬನ್‌ನಲ್ಲಿ ಭೀಕರ ಭೂಕಂಪ. ಕ್ರೈಸ್ತರ ಹಬ್ಬದ ದಿನವಾದ್ದರಿಂದ ಇಗರ್ಜಿಗಳು ಭಕ್ತರಿಂದ ತುಂಬಿದ್ದವು. ಕಂಪನದ ಬೆನ್ನಿಗೇ ಕಡಲಿನ ದೈತ್ಯ ಅಲೆಗಳೂ ಬೆಂಕಿಯೂ ನಗರವನ್ನು ಆಹುತಿ ತೆಗೆದುಕೊಂಡವು.

1858: ಈಸ್ಟ್ ಇಂಡಿಯಾ ಕಂಪನಿಯ ಆಡಳಿತ ಕೊನೆಗೊಂಡು ಭಾರತವು ಬ್ರಿಟಿಷ್ ರಾಣಿಯ ನೇರ ಆಳ್ವಿಕೆಗೆ ಒಳಪಟ್ಟಿತೆಂಬ ಘೋಷಣೆಯನ್ನು ಲಾರ್ಡ್ ಕ್ಯಾನಿಂಗ್ ಅಲಹಾಬಾದಿನಲ್ಲಿ ಓದಿದ. 1831ರಿಂದ ಕಮಿಷನರುಗಳ ಆಡಳಿತದಲ್ಲಿದ್ದ ಮೈಸೂರು ಸಂಸ್ಥಾನ ಒಡೆಯರಿಗೆ ಮರಳಿದ್ದು 1881ರಲ್ಲಿ.

1952: ಪೆಸಿಫಿಕ್ ಸಾಗರದ ಎನಿವೆಟಾಕ್ ದ್ವೀಪಸ್ತೋಮದಲ್ಲಿ ಅಮೆರಿಕದಿಂದ ಜಲಜನಕ ಬಾಂಬಿನ ಮೊದಲ ಪೂರ್ಣ ಪ್ರಮಾಣದ ಪರೀಕ್ಷೆ.

1954: ಪುದುಚೇರಿ, ಕಾರೈಕಲ್, ಮಾಹೆ ಮತ್ತು ಯಾನಂಗಳ ಆಡಳಿತ ಫ್ರೆಂಚರಿಂದ ಭಾರತಕ್ಕೆ ಹಸ್ತಾಂತರ.

1956: ರಾಜ್ಯ ಪುನರ್ವಿಂಗಡಣಾ ಕಾಯಿದೆ ಜಾರಿಗೆ ಬಂದು 14 ರಾಜ್ಯಗಳು ಹಾಗೂ 6 ಕೇಂದ್ರಾಡಳಿತ ಪ್ರದೇಶಗಳು ರೂಪುಗೊಂಡವು. ಹಳೆಯ ಮೈಸೂರಿನೊಂದಿಗೆ ಮುಂಬಯಿ ಪ್ರಾಂತದ ಬೆಳಗಾವಿ, ಬಿಜಾಪುರ, ಧಾರವಾಡ ಮತ್ತು ಉತ್ತರ ಕನ್ನಡ, ಹೈದರಾಬಾದ್ ರಾಜ್ಯದ ಗುಲ್ಬರ್ಗಾ, ರಾಯಚೂರು ಮತ್ತು ಬೀದರ್, ಮದರಾಸಿಗೆ ಸೇರಿದ್ದ ದಕ್ಷಿಣ ಕನ್ನಡ ಮತ್ತು ಕೊಳ್ಳೇಗಾಲ ಹಾಗೂ ಕೊಡಗು ಒಂದಾದವು. ಆದರೆ ಕಾಸರಗೋಡು ಅದೇ ದಿನ ಕೇರಳದ ಪಾಲಾಯಿತು. ಚಂದ್ರಗಿರಿ ನದಿಯ ಉತ್ತರದ ಭಾಗ ಮೈಸೂರಿಗೆ ಸೇರಬೇಕೆಂದು 1967ರಲ್ಲಿ ಮಹಾಜನ್ ಆಯೋಗ ಮಾಡಿದ ಶಿಫಾರಸು ಜಾರಿಗೆ ಬರಲಿಲ್ಲ.

1966: ಪಂಜಾಬ್ ವಿಭಜನೆಗೊಂಡು ಹರಿಯಾಣ ರಾಜ್ಯ ಉದಯ. ಚಂಡೀಗಢ ಕೇಂದ್ರಾಡಳಿತ ಪ್ರದೇಶವಾಯಿತು.

1973: ಮೈಸೂರು ರಾಜ್ಯಕ್ಕೆ 'ಕರ್ನಾಟಕ' ಎಂಬ ಹೆಸರು. ಆಗ ಮುಖ್ಯಮಂತ್ರಿಯಾಗಿದ್ದವರು ಡಿ. ದೇವರಾಜ ಅರಸು. ನಾಡು ಒಂದಾದ 17 ವರ್ಷಗಳ ಬಳಿಕ ಅದಕ್ಕೆ ತನ್ನ ಹೆಸರು ದೊರಕಿತು.

1993: ಮಾಸ್ಟ್ರಿಕ್ಟ್ ಒಪ್ಪಂದ ಜಾರಿಗೆ ಬಂದು ಯುರೋಪಿಯನ್ ಒಕ್ಕೂಟ ಅಸ್ತಿತ್ವಕ್ಕೆ.

2000: ಮಧ್ಯಪ್ರದೇಶದಿಂದ ಬೇರ್ಪಟ್ಟು ಛತ್ತೀಸಗಢ ರಾಜ್ಯ ಉದಯ.

2014: ಬೆಂಗಳೂರು, ಮೈಸೂರು, ಬೆಳಗಾವಿ, ಕಲಬುರಗಿ, ವಿಜಯಪುರ ಸೇರಿದಂತೆ 12 ನಗರಗಳ ಹೆಸರುಗಳು ಇಂಗ್ಲಿಷಿನಲ್ಲಿಯೂ ಕನ್ನಡದ ಉಚ್ಚಾರಣೆಯಂತೆ ಬರೆಯಲ್ಪಡಬೇಕೆಂಬ ಆದೇಶ ಜಾರಿಗೆ ಬಂದಿತು.

ದುರ್ಗದ ನಂಟು

1956ರ ನವೆಂಬರ್ 1ರಂದು ವಿಶಾಲ ಮೈಸೂರಿನ ಮೊದಲ ಮುಖ್ಯಮಂತ್ರಿಯಾಗಿ ಅಧಿಕಾರ ವಹಿಸಿಕೊಂಡವರು ಎಸ್. ನಿಜಲಿಂಗಪ್ಪ. ಹಿಂದಿನ ದಿನದವರೆಗೆ ಮೈಸೂರಿನ ಮುಖ್ಯಮಂತ್ರಿಯಾಗಿದ್ದವರು ಕಡಿದಾಳ್ ಮಂಜಪ್ಪ. ಜಯಚಾಮರಾಜ ಒಡೆಯರು ಹೊಸ ರಾಜ್ಯದ ರಾಜ್ಯಪಾಲರಾದರು. 1902ರಲ್ಲಿ ಹಲುವಾಗಲಿನಲ್ಲಿ ಜನಿಸಿದ ನಿಜಲಿಂಗಪ್ಪನವರು ಚಿತ್ರದುರ್ಗದಲ್ಲಿ ವಕೀಲರಾಗಿದ್ದರು. 1939ರ ತುರುವನೂರು ಸತ್ಯಾಗ್ರಹದಲ್ಲಿ ಈಚಲು ಮರಗಳನ್ನು ಕಡಿದು ಸೆರೆಮನೆ ಸೇರಿದವರಲ್ಲಿ ಅವರೂ ಒಬ್ಬರು. 1952ರ ಮೊದಲ ಮಹಾಚುನಾವಣೆಯಲ್ಲಿ ಚಿತ್ರದುರ್ಗ ಕ್ಷೇತ್ರದಿಂದ ಲೋಕಸಭೆಗೆ ಆಯ್ಕೆಯಾಗಿದ್ದರು.

ಏಕೀಕರಣದಿಂದ ಜಿಲ್ಲೆಯ ಭೌಗೋಳಿಕ ಸ್ಥಾನವೂ ಬದಲಾಯಿತು. ಅದುವರೆಗೆ ಚಿತ್ರದುರ್ಗ ಮೈಸೂರು ಸಂಸ್ಥಾನದ ಉತ್ತರದ ಗಡಿ ಜಿಲ್ಲೆ. ಆಗ ಇದೇ ಜಿಲ್ಲೆಗೆ ಸೇರಿದ್ದ ಹರಿಹರದ ಬಳಿ ತುಂಗಭದ್ರೆಯನ್ನು ದಾಟಿದರೆ ಮುಂಬಯಿ ಪ್ರಾಂತ. ಅತ್ತ ಬಳ್ಳಾರಿ ಸೀಮೆ 1953ರ ಅಕ್ಟೋಬರ್ 1ರವರೆಗೂ ಮದರಾಸಿಗೆ ಸೇರಿತ್ತು. 1956ರ ನಂತರ ಗಡಿಯ ಜಿಲ್ಲೆ ನಾಡಿನ ನಡುಭಾಗವಾಯಿತು. ಪೂರ್ವದಲ್ಲಿ ಮಾತ್ರ ಗಡಿ ಉಳಿಯಿತು: ಮೊಳಕಾಲ್ಮೂರಿಗೆ ಸಮೀಪದ ರಾಯದುರ್ಗ ಆಂಧ್ರಕ್ಕೆ ಸೇರಿತು.

ಏಕೀಕರಣದ ಅರ್ಥ ಪ್ರತ್ಯಕ್ಷವಾದದ್ದು 1962ರಲ್ಲಿ. ಆ ವರ್ಷದ ವಿಧಾನಸಭಾ ಚುನಾವಣೆಯಲ್ಲಿ ನಿಜಲಿಂಗಪ್ಪನವರು ತಮ್ಮದೇ ಜಿಲ್ಲೆಯ ಹೊಸದುರ್ಗದಲ್ಲಿ ಪ್ರಜಾ ಸೋಷಲಿಸ್ಟ್ ಪಕ್ಷದ ಜಿ.ಟಿ. ರಂಗಪ್ಪನವರ ಎದುರು ಪರಾಭವಗೊಂಡರು. ಎಸ್.ಆರ್. ಕಂಠಿ ಮುಖ್ಯಮಂತ್ರಿಯಾದರು. ನಿಜಲಿಂಗಪ್ಪನವರನ್ನು ಮತ್ತೆ ವಿಧಾನಸಭೆಗೆ ಕಳುಹಿಸಿದ್ದು ಬಾಗಲಕೋಟೆ. ಆರು ವರ್ಷಗಳ ಹಿಂದೆ ಅದು ಬೇರೊಂದು ರಾಜ್ಯದ ಊರು. ತವರಿನ ಮತದಾರರು ಕೈಬಿಟ್ಟ ನಾಯಕನನ್ನು ಏಕೀಕರಣದಿಂದ ಕೂಡಿಬಂದ ಸೀಮೆಯೊಂದು ಕೈಹಿಡಿಯಿತು. ಅದೇ ಜೂನ್‌ನಲ್ಲಿ ಎರಡನೆಯ ಬಾರಿ ಮುಖ್ಯಮಂತ್ರಿಯಾದ ಅವರು 1968ರ ಮೇ ತಿಂಗಳವರೆಗೆ ಆ ಸ್ಥಾನದಲ್ಲಿದ್ದರು.

1997ರ ಆಗಸ್ಟ್ 15ರಂದು ದಾವಣಗೆರೆ ಜಿಲ್ಲೆ ರಚನೆಯಾದಾಗ ದಾವಣಗೆರೆ, ಹರಿಹರ ಮತ್ತು ಜಗಳೂರು ತಾಲ್ಲೂಕುಗಳು ಚಿತ್ರದುರ್ಗದಿಂದ ಬೇರ್ಪಟ್ಟವು. ಚಿತ್ರದುರ್ಗ, ಹಿರಿಯೂರು, ಹೊಸದುರ್ಗ, ಹೊಳಲ್ಕೆರೆ, ಚಳ್ಳಕೆರೆ ಮತ್ತು ಮೊಳಕಾಲ್ಮೂರು ತಾಲ್ಲೂಕುಗಳು ಜಿಲ್ಲೆಯಲ್ಲಿ ಉಳಿದವು. ನಿಜಲಿಂಗಪ್ಪನವರು 2000ದ ಆಗಸ್ಟ್‌ನಲ್ಲಿ ಚಿತ್ರದುರ್ಗದಲ್ಲಿಯೇ ನಿಧನರಾದರು. ನಗರದ ಹೊರವಲಯದ ಸೀಬಾರದಲ್ಲಿ ಅವರ ಸ್ಮಾರಕವಿದೆ.