ಗುಬ್ಬಿಯಲ್ಲಿ ಎರಡು ವರ್ಷ

ಮಿಷನರಿ ಅಂದ ತಕ್ಷಣ ನಮಗೆ ನೆನಪಾಗೋದು ಕಿಟೆಲ್. 1853ರಲ್ಲಿ ಬಂದು, 1894ರಲ್ಲಿ ನಿಘಂಟು ಕೊಟ್ಟವರು. ಆದ್ರೆ ನಮ್ಮ ಪಟ್ಟನಾಯಕನಹಳ್ಳಿ ಇರೋ ತುಮಕೂರು ಜಿಲ್ಲೆಯಲ್ಲೇ, ಗುಬ್ಬಿಯಲ್ಲಿ, ಯಾರೂ ಹೇಳದ ಇನ್ನೊಂದು ಕಥೆ ಇದೆ.

ವಿಲಿಯಂ ಆರ್ಥರ್. ಐರ್ಲೆಂಡಿನವರು, ಹುಟ್ಟಿದ್ದು 1819. ವೆಸ್ಲಿಯನ್ ಮಿಷನ್ 1839ರಲ್ಲಿ ಇಲ್ಲಿಗೆ ಕಳಿಸಿದಾಗ ವಯಸ್ಸು ಬರೀ ಇಪ್ಪತ್ತು! ಸೂಯೆಜ್ ಕಾಲುವೆ ಇನ್ನೂ ಇರಲಿಲ್ಲ, ಇಲ್ಲಿ ರೈಲೂ ಇಲ್ಲ. ಗುಬ್ಬಿಯಲ್ಲಿ ಥಾಮಸ್ ಹಾಡ್ಸನ್ ಜೊತೆ ಸೇರಿ, ಕನ್ನಡ ಕಲಿತು ಕೆಲಸಕ್ಕಿಳಿದರು. ಆರೋಗ್ಯ ಕೆಟ್ಟಿತು, ಕಣ್ಣು ಕೈಕೊಟ್ಟಿತು. 1841ರಲ್ಲಿ ವಾಪಸ್.

ಕಾಮರ್ಸ್ ಓದಿದ ತಲೆ ನಂದು, ಲೆಕ್ಕ ಹಾಕಿದ್ರೆ ಇದು ಶುದ್ಧ ಲಾಸ್. ಊರ ದೇವರುಗಳು ಸುಳ್ಳು ಅಂತ ನಂಬಿಯೇ ಬಂದವರು ಇವರು. ಆ ತಕರಾರು ನನಗಿನ್ನೂ ಇದೆ. ಆದ್ರೂ ಒಂದು ಮಾತು. ಮನೆ ಬಿಟ್ಟು ಬರೋದನ್ನ ಎಲ್ಲರೂ ತ್ಯಾಗ ಅಂತಾರೆ. ದೇವರೇ ಕಳಿಸಿದ ಅಂತ ನಂಬಿ ಬಂದ ಜಾಗವನ್ನ ಎರಡೇ ವರ್ಷಕ್ಕೆ ಬಿಟ್ಟುಹೋಗೋದು ಅದಕ್ಕಿಂತ ಕಷ್ಟ ಅನ್ಸುತ್ತೆ.

ಆರ್ಥರ್ 1847ರಲ್ಲಿ ಮೈಸೂರು ಸೀಮೆಯ ಆ ದಿನಗಳ ಬಗ್ಗೆ ಇಂಗ್ಲಿಷ್‌ನಲ್ಲಿ ಪುಸ್ತಕ ಬರೆದರು. ಬದುಕಿದ್ದು 1901ರ ತನಕ.